ಮಗ್ಗ ಹೆಚ್ಚಾಯಿತು

ಬರೋಡಾ
೧೨ ಮೇ ೨೦೨೫

ಪ್ರೀತಿಯ ಚಿಗವ್ವಾ,

ಫೋನಿನಲ್ಲಿ ನಾನು ಕೂಗುವುದು, ನೀನು "ಹಾಂ? ಹಾಂ?" ಅನ್ನುವುದು, ಕೊನೆಗೆ ಇಬ್ಬರೂ ಸಿಟ್ಟಾಗಿ ಫೋನ್ ಇಡುವುದು, ಈ ಆಟ ಸಾಕು. ಕಿವಿ ಕೇಳದಿದ್ದರೇನು, ನಿನ್ನ ಕಣ್ಣು ನನ್ನ ಕಣ್ಣಿಗಿಂತ ಚಲೋ ಇವೆ. ಇನ್ನು ಮೇಲೆ ಪತ್ರವನ್ನೇ ಬರೆಯುತ್ತೇನೆ. ಮುತ್ತುವಿನ ಫೋನಿಗೆ ಕಳಿಸು ಅನ್ನಬೇಡ. ನಿನ್ನ ಮಗ ನರಗುಂದದ ಟ್ರ್ಯಾಕ್ಟರ್ ಅಂಗಡಿ ಬಿಟ್ಟು ಗಜೇಂದ್ರಗಡಕ್ಕೆ ಬಂದು ಓದಿ ಹೇಳುವಷ್ಟರಲ್ಲಿ ನನ್ನ ಸುದ್ದಿ ಹಳಸಿ ಹೋಗಿರುತ್ತದೆ. ಉತ್ತರಕ್ಕೆ ಇಲ್ಲಿಯ ವಿಳಾಸ ಬರೆದ ಲಕೋಟೆಗಳನ್ನು ಇದರ ಜೊತೆ ಇಟ್ಟಿದ್ದೇನೆ.

ಈಗ ಮುಖ್ಯ ಮಾತು. ಡಿಸೆಂಬರಿನಲ್ಲಿ ಕೊಚ್ಚಿಯ ಸಮುದ್ರದಂಡೆಯ ಹಳೆಯ ಗೋದಾಮೊಂದರಲ್ಲಿ ದೊಡ್ಡ ಕಲಾಪ್ರದರ್ಶನವಿದೆ. ನನಗೆ ನಡುವಿನ ಹಾಲನ್ನೇ ಕೊಟ್ಟಿದ್ದಾರೆ. ಇಷ್ಟು ವರ್ಷ ಎಲ್ಲೋ ಮೂಲೆಯ ಗೋಡೆ ಸಿಗುತ್ತಿತ್ತು, ಈಗ ನಡುವಿನ ಹಾಲ್. ಒಂದು ಗೋಡೆಗೆ ನಮ್ಮ ಗುಡ್ಡವನ್ನೂ ಅದರ ಮೇಲಿನ ಗಾಳಿಯಂತ್ರಗಳನ್ನೂ ಬರೆಯುತ್ತೇನೆ. ಇನ್ನೊಂದು ಕಡೆ ಸದ್ದು ಇರುತ್ತದೆ: ನೀನು ರೊಟ್ಟಿ ಬಡಿಯುವುದು, ಇಟಗಿಯ ಜಾತ್ರೆಗೆ ನಡೆದು ಹೋಗುವ ಹೆಣ್ಣುಮಕ್ಕಳ ಹಾಡು, ಹೋದ ವರ್ಷ ನಾನು ರೆಕಾರ್ಡ್ ಮಾಡಿಕೊಂಡ ನಮ್ಮ ಮಗ್ಗದ ಸದ್ದು. ನಡುವೆ ಮಾಳಿಗೆಯಿಂದ ಒಂದು ಪಟ್ಟೇದ ಅಂಚಿನ ಸೀರೆ ಇಳಿಬಿಡಬೇಕು. ಯಾವ ಕಡೆಯಿಂದ ನೋಡಿದರೂ ಒಂದೇ ಥರ ಕಾಣುವ ಸೀರೆ ಅಂತ ಹೇಳಿದರೆ ಇಲ್ಲಿ ಯಾರೂ ನಂಬುವುದಿಲ್ಲ. ಸುತ್ತ ನಡೆದು ನೋಡಲಿ.

ಆ ಸೀರೆಯನ್ನು ನೀನು ನೇಯಬೇಕು, ಅದೂ ಅವ್ವನ ಮಗ್ಗದ ಮೇಲೆ. ಅವ್ವ ಹೋದ ಮೇಲೆ ನೀನು ಅದೇ ಕುಣಿಯಲ್ಲಿ ಕಾಲಿಳಿಸಿ ಕೂತು ನನ್ನನ್ನು ಸಾಕಿದೆ. ಆ ಮಗ್ಗದ್ದಲ್ಲದ ಸೀರೆ ನನಗೆ ಬೇಡ. ಇಡೀ ಕೆಲಸಕ್ಕೆ 'ಹರಿದ ಎಳೆ' ಎಂದು ಹೆಸರಿಟ್ಟಿದ್ದೇನೆ. ಹೇಗಿದೆ?

ಕಾಕಾಗೆ ನಮಸ್ಕಾರ ಹೇಳು.

ನಿನ್ನ,
ಅನ್ನಪೂರ್ಣ

ಗಜೇಂದ್ರಗಡ
೨೮ ಮೇ ೨೦೨೫

ಚಿರಂಜೀವಿ ಅನ್ನಪೂರ್ಣಾಳಿಗೆ ನಿನ್ನ ಚಿಗವ್ವ ಸಾವಕ್ಕನ ಆಶೀರ್ವಾದ.

ಇತ್ತ ನಾವು, ಎಮ್ಮೆ, ಮಗ್ಗ ಎಲ್ಲರೂ ಆರಾಮ ಇದ್ದೇವೆ. ಪತ್ರವನ್ನು ಪುಸ್ತಕದ ಭಾಷೆಯಲ್ಲೇ ಬರೆಯಬೇಕು ಎಂದು ಸಾಲಿಯಲ್ಲಿ ಅಕ್ಕೋರು ಕೈಮೇಲೆ ಹೊಡೆದು ಕಲಿಸಿದ್ದಾರೆ. ಅದಕ್ಕೇ ಹೀಗೆ ಬರೆಯುತ್ತಿದ್ದೇನೆ, ನಗಬೇಡ.

ಸೀರೆ ನೇಯುತ್ತೇನೆ. ಅದನ್ನೇನು ಕೇಳುತ್ತಿ. ನಿಮ್ಮ ಕಾಕಾ ಆಗಲೇ ಹಾಸಿನ ನೂಲು ತರಲು ಹೊರಟಿದ್ದಾರೆ. ಹಸಿರು ಕೆಂಪು ಚೌಕಡಿ, ಹಳದಿ ಅಂಚು. ನಿಮ್ಮವ್ವ ಮಾನವ್ವ ಕಡೆಗೆ ನೇಯ್ದದ್ದು ಅದೇ ಬಣ್ಣ, ನಿನಗೆ ನೆನಪಿದೆಯೋ ಇಲ್ಲವೋ.

ಆದರೆ ಹೆಸರು ಮಾತ್ರ ಒಂದಿಷ್ಟೂ ಚಲೋ ಇಲ್ಲ. ಹರಿದ ಎಳೆ ಅಂತೆ. ಮಗ್ಗದ ಮನೆಯಲ್ಲಿ ಹುಟ್ಟಿದವಳು ಅನ್ನುವ ಮಾತೇ ಅದು? ಬಳೆ ಒಡೆದರೆ ನಿಮ್ಮವ್ವ ಹೆಚ್ಚಾದವು ಅನ್ನುತ್ತಿದ್ದಳು, ಎಳೆ ಹೋದರೂ ಹೆಚ್ಚಾಯಿತು ಅನ್ನುತ್ತಿದ್ದಳು. ಹರಿಯುವುದು, ಮುರಿಯುವುದು, ಇವನ್ನೆಲ್ಲ ಮಗ್ಗದ ಮುಂದೆ ಬಾಯಲ್ಲಿ ತರಬಾರದು. ಮಗ್ಗ ಕೇಳಿಸಿಕೊಳ್ಳುತ್ತದೆ. ನನ್ನ ಹಾಗೆ ಅದಕ್ಕೇನೂ ಕಿವಿ ಹೋಗಿಲ್ಲ. ಲಗೂನೆ ಬೇರೆ ಹೆಸರಿಡು.

ಇನ್ನೊಂದು ಮಾತು. ಮೊನ್ನೆ ಬಳೆಗಾರ್ತಿ ಜುಲೇಖಾ ಬಂದಿದ್ದಳು. ಆಕೆಯ ತುಟಿ ನೋಡಿದರೆ ನನಗೆ ಎಲ್ಲ ತಿಳಿಯುತ್ತದೆ. ನಿನ್ನನ್ನು ಕೇಳಿದಳು, ಅನ್ನಪೂರ್ಣ ಏನು ಕೆಲಸ ಮಾಡುತ್ತಾಳೆ ಅಂತ. ಚಿತ್ರ ಬರೆಯುತ್ತಾಳೆ ಅಂದೆ. ಹಾಡು ಹಿಡಿದುಕೊಂಡು ಹೋಗಲು ಬಂದಿದ್ದಳಲ್ಲ ಅಂದಳು. ಹೌದು, ಅದನ್ನೂ ಮಾಡುತ್ತಾಳೆ ಅಂದೆ. ಅರಿವೆ ಹೊಲಿದು ಗೋಡೆಗೆ ಹಚ್ಚುತ್ತಾಳೆ ಅಂತ ಮುತ್ತು ಹೇಳಿದ್ದನಲ್ಲ ಅಂದಳು. ಅದನ್ನೂ ಅಂದೆ. ಜುಲೇಖಾ ಬಳೆಯ ಗಂಟು ಕಟ್ಟುತ್ತಾ, "ಅಂದ್ರ ಇನ್ನೂ ಒಂದರಾಗೂ ನೆಟ್ಟಗಾಗಿಲ್ಲ ಅನ್ನು ಸಾವಕ್ಕ" ಅಂದಳು. ನನಗೆ ನಗು ತಡೆಯಲಾಗಲಿಲ್ಲ. ನಿನ್ನ ಕೆಲಸಕ್ಕೆ ಏನನ್ನುತ್ತಾರೆ ಎಂದು ಒಂದೇ ಮಾತಿನಲ್ಲಿ ಬರೆದು ಕಳಿಸು, ಓಣಿಯಲ್ಲಿ ಹೇಳಲು ಬೇಕು.

ಹೊತ್ತಿಗೆ ಸರಿಯಾಗಿ ಊಟ ಮಾಡು.

ಸಾವಕ್ಕ

ಬರೋಡಾ
೨೦ ಜೂನ್ ೨೦೨೫

ಪ್ರೀತಿಯ ಚಿಗವ್ವಾ,

ಆಯಿತು ತಾಯಿ, ಹೆಸರು ಬದಲಿಸಿದೆ. ಈಗ 'ಎರಡೂ ಮುಖ'. ಮಗ್ಗಕ್ಕೂ ಸಿಟ್ಟು ಬರುವುದಿಲ್ಲ, ನಿನಗೂ ಬರುವುದಿಲ್ಲ.

ಜುಲೇಖಾ ಅಕ್ಕನಿಗೆ ಏನು ಹೇಳಬೇಕೋ ನನಗೂ ಗೊತ್ತಿಲ್ಲ. ಇಲ್ಲಿ ನನ್ನಂಥವರಿಗೆ ಒಂದು ಉದ್ದ ಹೆಸರಿದೆ. ಅದನ್ನು ಹೇಳಿ ಮುಗಿಸುವಷ್ಟರಲ್ಲಿ ಆಕೆ ಬಳೆ ತೊಡಿಸಿ ಮುಂದಿನ ಓಣಿಗೆ ಹೋಗಿರುತ್ತಾಳೆ.

ಪ್ರದರ್ಶನ ನಡೆಸುವವನ ಹೆಸರು ಶರತ. ಒಳ್ಳೆಯವನೇ, ಆದರೆ ಅವನಿಗೆ ಎಲ್ಲದರಲ್ಲೂ ಸಾವು ಕಾಣುತ್ತದೆ. ಕೈಮಗ್ಗ ಮುಗಿದುಹೋಯಿತು, ನಿನ್ನ ಹಾಲ್ ಒಂದು ಶ್ರದ್ಧಾಂಜಲಿಯ ಹಾಗಿರಲಿ ಅನ್ನುತ್ತಾನೆ. ನಾನು ಜಗಳವಾಡಿದೆ. ನಮ್ಮ ಓಣಿಯಲ್ಲಿ ಇವತ್ತಿಗೂ ಮಗ್ಗ ನಡೆಯುತ್ತವೆ, ನಮ್ಮ ಚಿಗವ್ವ ಈ ಗಳಿಗೆಗೂ ಹಲಗೆ ಬಡಿಯುತ್ತಿರುತ್ತಾಳೆ ಅಂದೆ. ಆದರೆ ಮನಸ್ಸಿನಲ್ಲಿ ಅಳುಕು. ನಾನು ಊರು ಬಿಟ್ಟು ಎಷ್ಟೋ ವರ್ಷವಾಯಿತು. ಓಣಿಯ ಮಗ್ಗಗಳ ಸುದ್ದಿ ಬರೆ. ಹೆಚ್ಚಾಗಿವೆಯೋ, ಕಡಿಮೆಯಾಗಿವೆಯೋ? ಕಡಿಮೆಯಾಗಿದ್ದರೂ ಮುಚ್ಚಿಡಬೇಡ.

ಸೀರೆ ಎಲ್ಲಿಗೆ ಬಂತು?

ಅನ್ನಪೂರ್ಣ

ಗಜೇಂದ್ರಗಡ
೯ ಆಗಸ್ಟ್ ೨೦೨೫

ಚಿರಂಜೀವಿ ಅನ್ನಪೂರ್ಣಾಳಿಗೆ ಆಶೀರ್ವಾದ.

ಇತ್ತ ನಾವು ಕ್ಷೇಮ. ಎಮ್ಮೆಯೂ ಕ್ಷೇಮ.

ನಿನ್ನ ಪತ್ರ ಬಂದು ಬಹಳ ದಿನವಾದವು, ಉತ್ತರ ತಡವಾಯಿತು. ಓಣಿಯ ಮಗ್ಗಗಳ ವಿಷಯ ಕೇಳಿರುತ್ತಿ. ಉಳಿದವರದು ಇದ್ದ ಹಾಗೆಯೇ ಇರುತ್ತದೆ. ಹೋದ ತಿಂಗಳ ದೊಡ್ಡ ಮಳೆಯಲ್ಲಿ ನಮ್ಮ ಮಗ್ಗ ಹೆಚ್ಚಾಯಿತು. ನೀನು ಚಿಂತೆ ಮಾಡಬಾರದು. ಆಗುವುದು ಆಗುತ್ತದೆ. ಸೀರೆ ಎರಡು ಮೊಳ ಆಗಿತ್ತು. ಮುಂದಿನದು ತಡವಾದೀತು.

ಅಕ್ಷರ ಸೊಟ್ಟ ಇವೆ ಎಂದು ನಗಬೇಡ. ಪೆನ್ನು ಸರಿ ಇಲ್ಲ.

ಸಾವಕ್ಕ

ಬರೋಡಾ
೨೨ ಆಗಸ್ಟ್ ೨೦೨೫

ನನ್ನ ಬಂಗಾರದ ಚಿಗವ್ವಾ,

ನಿನ್ನ ಪತ್ರ ಓದಿ ಕುಣಿದುಬಿಟ್ಟೆ, ಖರೇನ. ಅಂಥ ದೊಡ್ಡ ಸುದ್ದಿಯನ್ನು ಇಷ್ಟು ಸಣ್ಣ ಪತ್ರದಲ್ಲಿ, ಅದೂ ಸರ್ಕಾರಿ ನೋಟೀಸಿನ ಥರ, ಹೀಗೆ ಬರೆಯುತ್ತಾರೆಯೇ? ಒಂದಿದ್ದ ಮಗ್ಗ ಎರಡಾಯಿತು. ಈ ಕಾಲದಲ್ಲಿ, ನಮ್ಮ ಮನೆಯಲ್ಲಿ. ನಾನೇಕೆ ಚಿಂತೆ ಮಾಡಲಿ? ನಿನ್ನ ಅಕ್ಷರ ನೋಡಿದರೇ ಗೊತ್ತಾಗುತ್ತದೆ, ಕೆಲಸ ಕೈತುಂಬ ಇದೆ, ಪೆನ್ನು ಹಿಡಿಯಲು ಪುರಸೊತ್ತಿಲ್ಲ. ಅವ್ವ ಇದ್ದಿದ್ದರೆ ಓಣಿಗೆಲ್ಲ ಸಕ್ಕರೆ ಹಂಚುತ್ತಿದ್ದಳು.

ಕೂಡಲೇ ಶರತನಿಗೆ ಫೋನ್ ಮಾಡಿ, ನೋಡು, ನಿನ್ನ ಶ್ರದ್ಧಾಂಜಲಿ ನೀನೇ ಇಟ್ಟುಕೋ, ನಮ್ಮ ಮನೆಯಲ್ಲಿ ಮಗ್ಗ ಎರಡಾಗಿದೆ ಅಂದೆ.

ಈಗ ಒಂದು ಆಸೆ ಹುಟ್ಟಿದೆ, ಹೆಚ್ಚಾಯಿತು ಅನ್ನಿಸಿದರೆ ಬೈದುಬಿಡು. ಎರಡರಲ್ಲಿ ಒಂದನ್ನು ನನಗೆ ಕಳಿಸಲಾದೀತೆ? ಯಾವುದಾದರೂ ಸರಿ, ನೀನೇ ಆರಿಸು. ಒಂದು ನಿನ್ನ ಹತ್ತಿರ ಇರಲಿ, ಒಂದು ನನ್ನ ಹತ್ತಿರ. ಪ್ರದರ್ಶನದ ನಡುವೆ ಇಡುತ್ತೇನೆ. ಮುತ್ತು ಪಾರ್ಸೆಲ್ ಲಾರಿಗೆ ಹಾಕಿದರೆ ಸಾಕು, ಬಾಡಿಗೆಯನ್ನು ಇಲ್ಲಿಯವರೇ ಕೊಡುತ್ತಾರೆ. ಮುಂದಿನ ವಾರ ನಾನು ಕೊಚ್ಚಿಗೆ ಹೋಗುತ್ತೇನೆ. ಗೋದಾಮಿನ ವಿಳಾಸ ಹಿಂದಿನ ಪುಟದಲ್ಲಿದೆ.

ನಿನ್ನ ಕುಣಿಯುವ,
ಅನ್ನಪೂರ್ಣ

ಗಜೇಂದ್ರಗಡ
೧೦ ಸೆಪ್ಟೆಂಬರ್ ೨೦೨೫
(ಬರೋಡಾದ ವಿಳಾಸಕ್ಕೆ)

ಚಿರಂಜೀವಿ ಅನ್ನಪೂರ್ಣಾಳಿಗೆ ನಿನ್ನ ಚಿಗವ್ವನ ಸಾವಿರ ಆಶೀರ್ವಾದ.

ನಿನ್ನ ಪತ್ರ ಓದಿ ನಾನೂ ನಿಮ್ಮ ಕಾಕಾನೂ ಅತ್ತೆವು. ಈ ಸುದ್ದಿ ನಿನಗೆ ಹೇಗೆ ಹೇಳಲಿ ಎಂದು ಭಾಳ ಹೆದರಿದ್ದೆ. ನಿಮ್ಮವ್ವನ ವಸ್ತು ಅಂತ ಉಳಿದದ್ದು ಅದೊಂದೇ. ನೀನು ಅಳುತ್ತಿ, ಊಟ ಬಿಡುತ್ತಿ ಅಂದುಕೊಂಡಿದ್ದೆ. ನೀನು ನೋಡಿದರೆ ಸಕ್ಕರೆ ಹಂಚುವ ಮಾತಾಡಿದಿ, ಕುಣಿದೆ ಅಂದಿ. ಅಶುಭವನ್ನು ಶುಭದ ಬಾಯಲ್ಲಿ ಹೇಳುವುದನ್ನು ನಿನಗೆ ಯಾರೂ ಕಲಿಸಿರಲಿಲ್ಲ, ನಿಮ್ಮವ್ವನ ರಕ್ತದಲ್ಲೇ ಬಂದಿದೆ. ಕಾಕಾ ಕಣ್ಣೊರೆಸಿಕೊಂಡು, "ನೋಡಿಲ್ಲಿ, ಹುಡುಗಿ ದುಃಖ ಹ್ಯಾಂಗ ನುಂಗ್ಯಾಳ" ಅಂದರು. ಪತ್ರವನ್ನು ಜುಲೇಖಾಳಿಗೂ ತೋರಿಸಿದೆ. ಆಕೆಯೂ ಸೆರಗು ಬಾಯಿಗೆ ಹಚ್ಚಿದಳು.

ಒಂದು ನಿನ್ನ ಹತ್ತಿರ, ಒಂದು ನನ್ನ ಹತ್ತಿರ ಎಂದು ಬರೆದಿದ್ದಿ. ಅಕ್ಕತಂಗಿಯರು ತಾಯಿಯ ವಸ್ತು ಹಂಚಿಕೊಂಡ ಹಾಗೆ. ಬಟ್ಟೆ ಸುತ್ತುವ ದಿಂಡೇ ನಡುವೆ ಎರಡಾದದ್ದು. ನಿಮ್ಮವ್ವ ಅರಿಷಿಣ ಹಚ್ಚುತ್ತಿದ್ದ ಕಡೆಯದನ್ನು ನಿನಗೆ ಕಳಿಸುತ್ತಿದ್ದೇನೆ. ಆಗಿದ್ದ ಎರಡು ಮೊಳ ಸೀರೆಯಲ್ಲೇ ಸುತ್ತಿದ್ದೇನೆ, ಹಾದಿಯಲ್ಲಿ ಪೆಟ್ಟಾಗಬಾರದು. ಮುತ್ತು ನರಗುಂದದಿಂದ ಲಾರಿಗೆ ಹಾಕುತ್ತಾನೆ.

ಜಕ್ಕಲಿಯ ಬಡಿಗ ಬಸವಪ್ರಸಾದ ಬಂದು ನೋಡಿದ್ದ. ಎರಡೂ ಭಾಗ ಒಂದು ಕಡೆ ಇದ್ದರೆ ಕಬ್ಬಿಣದ ಪಟ್ಟಿ ಹಾಕಿ ಕೂಡಿಸಿಕೊಡುತ್ತೇನೆ, ಹಳೆಯ ಸಾಗವಾನಿ, ಮತ್ತೆ ನಿಲ್ಲುತ್ತದೆ, ಹೊಸ ಕಟ್ಟಿಗೆ ಒಂದು ಮಳೆಗೆ ಬಾಗುತ್ತದೆ ಅಂದಿದ್ದ. ನೀನು ಕೇಳಿದ ಮೇಲೆ ಬೇಡ ಅಂತ ಹೇಳಿ ಕಳಿಸಿದೆ. ನಿನಗಿಂತ ಹೆಚ್ಚೇ ಅದು.

ನೀನು ಕೊಟ್ಟ ಲಕೋಟೆ ಇನ್ನೂ ಇದ್ದವು, ಅದರಲ್ಲೇ ಹಾಕುತ್ತಿದ್ದೇನೆ.

ಸಾವಕ್ಕ

ಕೊಚ್ಚಿ
೨ ಅಕ್ಟೋಬರ್ ೨೦೨೫

ಚಿಗವ್ವಾ,

ನಿನ್ನೆ ಪಾರ್ಸೆಲ್ ಬಂತು. ಎಲ್ಲರನ್ನೂ ಕರೆದು ಸುತ್ತ ನಿಲ್ಲಿಸಿದೆ. ನಮ್ಮ ಮನೆಯ ಎರಡನೆಯ ಮಗ್ಗ ಬಂದಿದೆ, ನೋಡಿ ಅಂದೆ. ಗೋಣಿ ಬಿಚ್ಚಿದಾಗ ಮೊದಲು ಸೀರೆ ಬಂತು, ಹಸಿರು ಕೆಂಪು ಚೌಕಡಿ. ಎರಡು ಮೊಳಕ್ಕೆ ನಿಂತು, ಮುಂದೆ ಬರೀ ಹಾಸಿನ ಎಳೆಗಳು. ಅದನ್ನು ಬಿಚ್ಚಿದರೆ ಒಳಗೆ ಅವ್ವನ ದಿಂಡು. ಒಂದು ತುದಿಗೆ ಅರಿಷಿಣ, ಇನ್ನೊಂದು ತುದಿ ಸಿಗಿದು ಸೀಳು ಸೀಳಾಗಿದೆ. "ಇನ್ನುಳಿದದ್ದು?" ಎಂದು ಶರತ ಕೇಳಿದ.

ಆಗ ಗೊತ್ತಾಯಿತು. ನಾನು ಸಣ್ಣವಳಿದ್ದಾಗ ಒಮ್ಮೆ ಅಂಗಳದಲ್ಲಿ ಅವ್ವನ ಬಳೆ ಒಡೆದು ಬಿದ್ದಿದ್ದವು, ನಾನು ಆರಿಸಲು ಹೋದರೆ, "ಮುಟ್ಟಬ್ಯಾಡ, ಹೆಚ್ಚಾಗ್ಯಾವ" ಅಂದಿದ್ದಳು. ನೀನು ಮೇ ತಿಂಗಳಲ್ಲೇ ಬರೆದಿದ್ದೆ, ನಾನು ಹೆಸರು ಬದಲಿಸಿ ಸುಮ್ಮನಾದೆ. ಊರಿನ ಸದ್ದನ್ನೆಲ್ಲ ಹಿಡಿದು ತಂದು ಇಲ್ಲಿ ಕೇಳಿಸುವವಳು ನಾನು. ನಿನ್ನ ಒಂದು ಮಾತು ನನಗೆ ಕೇಳಿಸಲಿಲ್ಲ. ನೀನು ಮಗ್ಗ ಹೋಯಿತು ಎಂದು ಬರೆದೆ, ನಾನು ಕುಣಿದೆ ಎಂದು ಬರೆದೆ. ಏನಂದುಕೊಂಡೆಯೋ ನೀನು.

ಹೇಗಾಯಿತು? ಯಾರಿಗೂ ಪೆಟ್ಟಾಗಲಿಲ್ಲ ತಾನೆ?

ಇನ್ನೊಂದನ್ನು ನಿನ್ನಿಂದ ಮುಚ್ಚಿಡಬಾರದು. ಶರತ ದಿಂಡನ್ನು ಹಾಲಿನ ನಡುವೆ ಹಗ್ಗದಿಂದ ತೂಗುಹಾಕಿಸಿದ. ಕೆಳಗೆ ಮಗ್ಗದ ಸದ್ದು ಹಚ್ಚಿದ. ಇದಕ್ಕಿಂತ ದೊಡ್ಡ ಕೆಲಸ ನಿನ್ನ ಕೈಯಿಂದ ಆಗುವುದಿಲ್ಲ ಅಂದ. ನನಗೆ ಸಿಟ್ಟು ಬಂತು, ಆದರೆ ತಲೆಯೆತ್ತಿ ನೋಡಿದರೆ, ಖರೇ ಹೇಳುತ್ತೇನೆ, ಭಾಳ ಚಂದ ಕಾಣಿಸಿತು. ಒಳಗೆ ಬಂದ ಕೆಲಸಗಾರರೂ ಕೈಯಲ್ಲಿದ್ದದ್ದನ್ನು ಕೆಳಗಿಟ್ಟು ಅದರ ಸುತ್ತ ನಡೆದು ನೋಡುತ್ತಾರೆ. ಆಮಂತ್ರಣ ಪತ್ರಿಕೆಗೆ ಅದರದೇ ಫೋಟೋ ತೆಗೆದಿದ್ದಾರೆ.

ಅದು ನಿನ್ನದು. ಇಲ್ಲಿ ಇಟ್ಟುಕೊಳ್ಳಲೇ? ನೀನು ಹೂಂ ಅಂದರೆ ಮಾತ್ರ.

ಅನ್ನಪೂರ್ಣ

ಗಜೇಂದ್ರಗಡ
೧೩ ಅಕ್ಟೋಬರ್ ೨೦೨೫

ಚಿರಂಜೀವಿ ಅನ್ನಪೂರ್ಣಾಳಿಗೆ ಆಶೀರ್ವಾದಗಳು.

ತಮ್ಮ ಪತ್ರ ತಲುಪಿತು. ವಿಷಯ ತಿಳಿಯಿತು. ಸದರಿ ವಸ್ತುವನ್ನು ಇಟ್ಟುಕೊಳ್ಳಬಹುದು. ನಮ್ಮದೇನೂ ಅಭ್ಯಂತರ ಇರುವುದಿಲ್ಲ. ಎಲ್ಲರೂ ಕ್ಷೇಮವಾಗಿರುತ್ತೇವೆ.

ಇಂತಿ,
ಸಾವಕ್ಕ

ಕೊಚ್ಚಿ
೨೫ ಅಕ್ಟೋಬರ್ ೨೦೨೫

ಚಿಗವ್ವಾ,

ನೀನು ನನ್ನನ್ನು 'ತಮ್ಮ' ಅಂದೆ. ಇನ್ನು ಹೇಳುವುದೇನು ಉಳಿಯಿತು. ನಿನ್ನ ಪುಸ್ತಕದ ಭಾಷೆ ದಪ್ಪವಾದಷ್ಟೂ ಅದರ ಹಿಂದೆ ನೀನು ಅಡಗಿ ಕೂತಿರುತ್ತಿ ಎಂಬುದು ನನಗೆ ತಡವಾಗಿ ತಿಳಿಯಿತು.

ಇವತ್ತೇ ಬರೋಡಾದಿಂದ ಪಕ್ಕದ ಮನೆಯವರು ನಿನ್ನ ಸೆಪ್ಟೆಂಬರಿನ ಪತ್ರ ಕಳಿಸಿಕೊಟ್ಟರು. ಅದರಲ್ಲಿ ನಾನು ದುಃಖ ನುಂಗಿದೆ ಎಂದು ಹೊಗಳಿದ್ದಿ. ನಾನು ಏನನ್ನೂ ನುಂಗಿರಲಿಲ್ಲ, ನನಗೆ ತಿಳಿದೇ ಇರಲಿಲ್ಲ. ಆ ಹೊಗಳಿಕೆ ಓದುವುದಕ್ಕಿಂತ ನಾಲ್ಕು ಏಟು ತಿನ್ನುವುದು ಸುಲಭವಿತ್ತು. ಬಸವಪ್ರಸಾದನ ಮಾತನ್ನೂ ಓದಿದೆ. ಎರಡೂ ಭಾಗ ಕೂಡಿದರೆ ಮಗ್ಗ ಮತ್ತೆ ನಿಲ್ಲುತ್ತದೆ ಅಂದಿದ್ದಾನೆ. ನಾನು ಒಂದನ್ನು ಕೇಳಿಕೊಂಡು ಬಂದು ಇಲ್ಲಿ ಹಗ್ಗಕ್ಕೆ ಕಟ್ಟಿದ್ದೇನೆ.

ಆಮೇಲೆ ನಿನ್ನ ಪತ್ರಗಳನ್ನೆಲ್ಲ ಸಾಲಾಗಿ ಇಟ್ಟು ನೋಡಿದೆ. ಮೇ ತಿಂಗಳ ಅಕ್ಷರ ಮುತ್ತಿನಂತಿವೆ. ಆಗಸ್ಟಿನಿಂದ ಎಲ್ಲ ಎಡಕ್ಕೆ ವಾಲಿವೆ. ಪೆನ್ನು ಸರಿ ಇಲ್ಲದಿದ್ದರೆ ಅಕ್ಷರ ಹಾಗೆ ವಾಲುವುದಿಲ್ಲ. ಮುತ್ತುವಿಗೆ ಫೋನ್ ಮಾಡಿದೆ. "ಅಕ್ಕಾ, ಅವ್ವ ಆಣಿ ಹಾಕ್ಯಾಳ, ನನ್ನ ಕೇಳಬ್ಯಾಡ" ಅಂದ. ನಾನು ಬಿಡಲಿಲ್ಲ. ಹಿಂದಿನ ಗೋಡೆ ಮಳೆಗೆ ಕುಸಿದದ್ದು, ನೀನು ಮಗ್ಗದ ಮೇಲೆ ಇದ್ದದ್ದು, ಬಲಗೈ ಮಣಿಕಟ್ಟು, ರೋಣದ ದವಾಖಾನೆ, ಪಟ್ಟಿ ಬಿಚ್ಚಿದ ಮೇಲೂ ಬೆರಳು ಮಡಚದೇ ಇರುವುದು, ಎಲ್ಲ ಹೇಳಿದ. ಹೇಳಿ ಅತ್ತ. ಅವನನ್ನು ಬೈಯಬೇಡ.

ನಿನಗೆ ಏನು ಬೇಕು, ಚಿಗವ್ವಾ? ನನಗೆ ಏನು ಬೇಕು ಎಂದು ನೀನು ಕೇಳಬೇಡ. ನನಗೆ ಎರಡೂ ಬೇಕು, ಆ ಹಾಲೂ ಬೇಕು, ನೀನೂ ಬೇಕು. ಅದಕ್ಕೇ ಕೇಳುತ್ತಿದ್ದೇನೆ. ಅಕ್ಕೋರನ್ನು ಬದಿಗಿಟ್ಟು ಬರೆ. ನಾವು ಅಡುಗೆಮನೆಯಲ್ಲಿ ಮಾತಾಡುವ ಹಾಗೆ ಬರೆ.

ಅನ್ನಪೂರ್ಣ

ಗಜೇಂದ್ರಗಡ
೪ ನವೆಂಬರ್ ೨೦೨೫

ಅನ್ನೂ,

ಪುಸ್ತಕದ ಭಾಷಿ ಬಿಡು ಅಂದಿ, ಬಿಟ್ಟೆ. ಅಕ್ಕೋರು ಹೋಗಿ ಭಾಳ ವರ್ಷಾತು, ಈಗೇನ ಹೊಡ್ಯಾಕ ಬರಂಗಿಲ್ಲ.

ಮಗ್ಗ ಮುರೀತು. ನೋಡು, ಬರದಬಿಟ್ಟೆ. ಹುಟ್ಟಿದಾಗಿಂದ ಈ ಮಾತು ನನ್ನ ಬಾಯಾಗ ಬಂದಿಲ್ಲ, ಈಗ ಎಡಗೈಲೆ ಬರದೆ. ಮಗ್ಗ ಮುರೀತು. ನನ್ನ ಕೈ ಮುರೀತು. ಸೀರಿ ನಡುವ ಹರೀತು. ಇದನ್ನ ಆವಾಗ ಬರದಿದ್ರ ನೀ ಮೊದಲನೇ ಬಸ್ಸಿಗೆ ಬಂದು ನಿಂದರತಿದ್ದಿ. ನನಗ ಗೊತ್ತಿತ್ತು. ಅದಕ್ಕ ಹೆಚ್ಚಾತು ಅಂದೆ. ನಿನಗ ತಿಳೀಲಿ ಅಂತನೂ ಇತ್ತು, ತಿಳೀದ ಇರಲಿ ಅಂತನೂ ಇತ್ತು. ಹಂಗಾಗಿ ತಪ್ಪು ನಿಂದೊಂದ ಅಲ್ಲ.

ಆದ್ರ ನೀ ತಿಳಕೊಂಡಿಲ್ಲ ಅಂತ ಗೊತ್ತಾದಾಗ ನನಗ ಭಾಳ ಕೆಟ್ಟ ಅನಸ್ತು. ನಮ್ಮ ಹುಡುಗಿ ಎಷ್ಟು ಗಟ್ಟಿ ಅಂತ ಓಣಿ ತುಂಬ ಹೇಳ್ಕೋತ ತಿರುಗಿದ್ದೆ. ಸಿಟ್ಟಿಗೇ ಹಂಗ ತಮ್ಮ ಗಿಮ್ಮ ಅಂತ ಬರದೆ. ನಿಮ್ಮ ಕಾಕಾ ಓದಿ, "ಇದು ಪಂಚಾಯ್ತಿ ಕಾಗದ ಆತು, ಹಾಕಬ್ಯಾಡ" ಅಂದ್ರು. ನಾ ಹಾಕಿದೆ.

ಏನ ಬೇಕು ಅಂತ ಕೇಳೀದಿ. ಹೇಳ್ತೀನಿ, ಇದನ್ನ ಯಾರಿಗೂ ಹೇಳಿಲ್ಲ. ಕಿವಿ ಹೋದ ಮ್ಯಾಲೆ ನನಗ ಮಗ್ಗ ಒಂದ ಕೇಳತಿತ್ತು. ಕಿವ್ಯಾಗ ಅಲ್ಲ. ಕಾಲಾಗ, ಹೊಟ್ಯಾಗ. ಹಲಗಿ ಬಡದಾಗೊಮ್ಮೆ ಆ ದಿಂಡು ನನ್ನ ಹೊಟ್ಟಿಗೆ ಒತ್ತಿ ಹೂಂ ಅಂತಿತ್ತು. ದಿನಾ ಸಂಜಿತನಕ ನಾನೂ ಅದೂ ಮಾತಾಡ್ತಿದ್ವಿ. ನಿಮ್ಮವ್ವನ ಜೋಡಿ ಮಾತಾಡಿದಂಗ ಆಗತಿತ್ತು. ಈಗ ಮನಿ ಅಂದ್ರ ಮನಿ ಇಲ್ಲ, ಎಲ್ಲಾರೂ ಬಾಯಿ ಅಳ್ಳಾಡಸ್ತಾರ ಅಷ್ಟ. ನನಗ ಏನೂ ಕೇಳವಲ್ದು.

ನೀ ಅಲ್ಲೆ ಹಚ್ಚಿದ ಮಗ್ಗದ ಸದ್ದು ಊರ ಮಂದಿಗೆಲ್ಲ ಕೇಳತೈತಿ ಅಂತ ಮುತ್ತು ಹೇಳಿದ. ಚಲೋ ಆತು. ನನಗಂತೂ ಕೇಳಂಗಿಲ್ಲ. ನನಗ ಆ ಕಟ್ಟಿಗಿನ ಬೇಕು. ಕೊಟ್ಟದ್ದನ್ನ ತಿರುಗಿ ಕೇಳಬಾರದು, ಆದರೂ ಕೇಳಾಕತ್ತೇನಿ. ಬಟ್ಟಿ ನೀ ಇಟ್ಕೋ, ಅದರಾಗ ನನ್ನ ಕೈ ಸುದ್ದ ಇದ್ದಾಗಿನ ಕೆಲಸ ಐತಿ. ದಿಂಡು ನನಗ ಕೊಡು.

ಆಗೂದಿಲ್ಲ ಅಂದ್ರ ಆಗೂದಿಲ್ಲ ಅಂತ ಬರಿ. ಪುಸ್ತಕದ ಭಾಷ್ಯಾಗ ಮಾತ್ರ ಬರೀಬ್ಯಾಡ.

ಚಿಗವ್ವ

ಕೊಚ್ಚಿ
೧೫ ನವೆಂಬರ್ ೨೦೨೫

ಚಿಗವ್ವಾ,

ಇಳಿಸಿದೆ.

ಶರತ ಒಂದು ದಿನ ಮಾತು ಬಿಟ್ಟ. ಆಮಂತ್ರಣ ಪತ್ರಿಕೆ ಅಚ್ಚಾಗಿ ಹೋಗಿದೆ, ಅದರ ಮೇಲಿರುವ ವಸ್ತುವೇ ಇಲ್ಲ ಅಂದರೆ ಹೇಗೆ ಅಂದ. ಅವನ ಮಾತೂ ಸುಳ್ಳಲ್ಲ. ನಡುವಿನ ಹಾಲನ್ನು ಬೇರೊಬ್ಬರಿಗೆ ಕೊಟ್ಟ, ನನಗೆ ಮತ್ತೆ ಮೂಲೆಯ ಕೋಣೆ. ಸಂಕಟ ಆಗಲಿಲ್ಲ ಅಂತ ಸುಳ್ಳು ಹೇಳುವುದಿಲ್ಲ. ಒಂದು ಹೊತ್ತು ಬಾಗಿಲು ಹಾಕಿಕೊಂಡು ಅತ್ತೆ, ಆಮೇಲೆ ಗೋಣಿ ಹೊಲಿಯಲು ಕೂತೆ.

ಆ ಕೋಣೆಯಲ್ಲಿ ನಿನ್ನ ಎರಡು ಮೊಳ ಸೀರೆ ತೂಗುಹಾಕಿದ್ದೇನೆ. ಎರಡೂ ಕಡೆಯಿಂದ ನೋಡಬಹುದು. ಹಾಸಿನ ಎಳೆಗಳನ್ನು ಹಾಗೆಯೇ ಜೋತುಬಿಟ್ಟಿದ್ದೇನೆ. ಉಳಿದ ಸೀರೆ ಎಲ್ಲಿ ಅಂತ ಯಾರಾದರೂ ಕೇಳಿದರೆ, ಇನ್ನೂ ಮಗ್ಗದ ಮೇಲಿದೆ ಎಂದು ಹೇಳಲು ಕಾವಲುಗಾರನಿಗೆ ಹೇಳಿಕೊಟ್ಟಿದ್ದೇನೆ. ಅವನು ಮಲಯಾಳಿ. ಬಾಯಿಪಾಠ ಮಾಡಿಕೊಂಡಿದ್ದಾನೆ.

ಪ್ರದರ್ಶನ ಶುರುವಾಗುವ ದಿನ ನಾನು ಇಲ್ಲಿರುವುದಿಲ್ಲ. ಈ ಪತ್ರ ಸಿಕ್ಕ ವಾರದಲ್ಲೇ ಹುಬ್ಬಳ್ಳಿಗೆ ಬರುತ್ತೇನೆ. ದಿಂಡು ನನ್ನ ಜೊತೆಗೇ ರೈಲಿನಲ್ಲಿ ಬರುತ್ತದೆ, ಈ ಸಲ ಲಾರಿಗೆ ಹಾಕುವುದಿಲ್ಲ. ಮುತ್ತು ಸ್ಟೇಷನ್ನಿಗೆ ಬರಲಿ, ಒಬ್ಬಳಿಗೇ ಇಳಿಸಲಾಗುವುದಿಲ್ಲ. ಬಸವಪ್ರಸಾದನಿಗೆ ಪಟ್ಟಿ ಮಾಡಿಸಿ ಇಡಲು ಹೇಳು.

ಮಗ್ಗ ನಿಂತ ಮೇಲೆ ನಿನ್ನ ಬೆರಳು ಮಡಚುವ ತನಕ ನಾನು ಕುಣಿಯಲ್ಲಿ ಕೂರುತ್ತೇನೆ. ನೀನು ನನ್ನ ಪಕ್ಕದಲ್ಲೇ ಕೂತು ದಿಂಡಿನ ಮೇಲೆ ಎಡಗೈ ಇಟ್ಟುಕೊಂಡಿರು. ನಾನು ತಪ್ಪು ಬಡಿದರೆ ನಿನಗೆ ಅಲ್ಲೇ ಕೇಳುತ್ತದೆ. ಜುಲೇಖಾ ಅಕ್ಕ ಬಂದು ಅನ್ನಪೂರ್ಣ ಏನು ಕೆಲಸ ಮಾಡುತ್ತಾಳೆ ಅಂತ ಕೇಳಿದರೆ, ಬೆರಳು ಮಾಡಿ ತೋರಿಸಿಬಿಡು.

ಅವ್ವ ಕಲಿಸಿದ್ದು ನನಗೆ ಮರೆತೇ ಹೋಗಿದೆ. ಮೊದಮೊದಲು ಎಳೆ ಭಾಳ ಹೆಚ್ಚಾಗುತ್ತವೆ. ಬೈಯಬೇಡ.

ಅನ್ನೂ